ಸಾಕ್ಷಿ ಸುಳ್ಳು ಹೇಳಿದರೆ ಕೋರ್ಟ್ ಯಾಕೆ ಸುಮ್ಮನಿರುತ್ತದೆ?

ನಮ್ಮ ಕ್ರಿಮಿನಲ್ ಕಾನೂನಿನ ಪುಸ್ತಕದಲ್ಲಿ ಒಂದು ಪುಟ್ಟ ಉದಾಹರಣೆ ಇದೆ. ಒಬ್ಬ ಮನುಷ್ಯ ಮ್ಯಾಜಿಸ್ಟ್ರೇಟರ ಮುಂದೆ ಪ್ರಮಾಣ ಮಾಡಿ, "ಅವನು ಇವನಿಗೆ ದೊಣ್ಣೆಯಿಂದ ಹೊಡೆದದ್ದನ್ನು ನೋಡಿದೆ" ಎನ್ನುತ್ತಾನೆ. ಮುಂದೆ ಸೆಷನ್ಸ್ ಕೋರ್ಟಿನಲ್ಲಿ ಮತ್ತೆ ಪ್ರಮಾಣ ಮಾಡಿ, "ಅವನು ಹೊಡೆದೇ ಇಲ್ಲ" ಎನ್ನುತ್ತಾನೆ. ಎರಡರಲ್ಲಿ ಯಾವುದು ಸುಳ್ಳು? ಅದನ್ನು ಪತ್ತೆ ಮಾಡಲೇಬೇಕು ಅಂತ ಇಲ್ಲ ಎನ್ನುತ್ತದೆ ಕಾನೂನು. ಎರಡೂ ನಿಜ ಆಗಿರಲು ಸಾಧ್ಯವಿಲ್ಲ. ಹಾಗಾಗಿ "ಇದಾದರೂ ಸುಳ್ಳು, ಇಲ್ಲವೇ ಅದಾದರೂ ಸುಳ್ಳು" ಎಂದು ಆರೋಪ ಹೊರಿಸಿ ಶಿಕ್ಷೆ ಕೊಡಬಹುದು. ಹಳೆಯ ಸಿಆರ್‌ಪಿಸಿಯ (ದಂಡ ಪ್ರಕ್ರಿಯಾ ಸಂಹಿತೆ) 221ನೇ ಸೆಕ್ಷನ್ನಿನಲ್ಲಿದ್ದ ಈ ಉದಾಹರಣೆ, 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 244ರಲ್ಲೂ ಇದೆ.

ಓದಿದರೆ ಎಷ್ಟು ಸಲೀಸು ಅನಿಸುತ್ತದೆ, ಅಲ್ವಾ? ಆದರೆ ಪೇಪರಿನಲ್ಲಿ ನಾವು ಓದುವುದೇ ಬೇರೆ. ಸಾಕ್ಷಿಗಳೆಲ್ಲ ತಿರುಗಿಬಿದ್ದರು, ಆರೋಪಿಗಳು ಖುಲಾಸೆ ಆದರು, ಸಾಕ್ಷಿಗಳು ಬಸ್ಸು ಹತ್ತಿ ಊರಿಗೆ ಹೋದರು. ಅವರ ಮೇಲೆ ಕೇಸ್ ಹಾಕಿದ ಸುದ್ದಿ ಕಾಣುವುದು ಎಲ್ಲೋ ಅಪರೂಪಕ್ಕೆ. ಯಾಕೆ ಹೀಗೆ? ಕಾನೂನಿನಲ್ಲಿ ಶಿಕ್ಷೆ ಇಲ್ಲ ಅಂತಲ್ಲ. ಬೇಕಾದಷ್ಟಿದೆ.

ಮೊದಲು ಶಿಕ್ಷೆಯನ್ನೇ ನೋಡಿ. ಕೋರ್ಟಿನಲ್ಲಿ ಬೇಕೆಂದೇ ಸುಳ್ಳು ಸಾಕ್ಷಿ ಹೇಳಿದರೆ 7 ವರ್ಷದವರೆಗೆ ಜೈಲು. ಹಳೆಯ ಐಪಿಸಿಯಲ್ಲಿ (ಭಾರತೀಯ ದಂಡ ಸಂಹಿತೆ) ಇದು 193ನೇ ಸೆಕ್ಷನ್, ಈಗಿನ ಭಾರತೀಯ ನ್ಯಾಯ ಸಂಹಿತೆಯಲ್ಲಿ 229. ಒಬ್ಬನನ್ನು ಗಲ್ಲಿಗೇರಿಸುವಂಥ ಅಪರಾಧದಲ್ಲಿ ಸಿಕ್ಕಿಸಲೆಂದು ಸುಳ್ಳು ಹೇಳಿದರೆ ಜೀವಾವಧಿಯವರೆಗೂ ಹೋಗಬಹುದು. ಆ ಸುಳ್ಳಿನಿಂದ ನಿರಪರಾಧಿಗೆ ಗಲ್ಲಾದರೆ, ಸುಳ್ಳು ಹೇಳಿದವನಿಗೂ ಮರಣದಂಡನೆ ಕೊಡಲು ಅವಕಾಶ ಇದೆ. ಇಷ್ಟು ಗಟ್ಟಿ ಕಾನೂನು ಇದ್ದೂ ಅದು ಕಪಾಟಿನಲ್ಲೇ ಉಳಿಯುತ್ತದೆ. ಕಾರಣ ಆ ದೊಣ್ಣೆಯ ಕತೆಯಲ್ಲೇ ಇದೆ. ಅಲ್ಲಿ ಸಾಕ್ಷಿ ಎರಡೂ ಸಲ ಪ್ರಮಾಣ ಮಾಡಿದ್ದ. ನಿಜವಾದ ಕೇಸುಗಳಲ್ಲಿ ಬಹುತೇಕ ಹಾಗಾಗುವುದಿಲ್ಲ.

ಒಂದು ಕೊಲೆಯಾಯಿತು ಅಂತಿಟ್ಟುಕೊಳ್ಳಿ. ಪೊಲೀಸರು ಅಕ್ಕಪಕ್ಕದವರನ್ನು ಕೇಳಿ ಹೇಳಿಕೆ ಬರೆದುಕೊಳ್ಳುತ್ತಾರೆ. ವಕೀಲರ ಬಾಯಲ್ಲಿ ಇದು "ಒನ್ ಸಿಕ್ಸ್‌ಟಿ ಒನ್ ಹೇಳಿಕೆ". ಹೊಸ ಕಾನೂನಿನಲ್ಲಿ ಅದು 180 ಆಗಿದೆ, ಆದರೂ ಹಳೆಯ ನಂಬರೇ ನಾಲಗೆಯ ಮೇಲಿದೆ. ಪೊಲೀಸರಿಗೂ ನಿಜವನ್ನೇ ಹೇಳಬೇಕು ಎಂದು ಕಾನೂನಿದೆ. ಆದರೆ ಅಲ್ಲಿ ಪ್ರಮಾಣ ಇಲ್ಲ. ಆ ಹೇಳಿಕೆಗೆ ಸಾಕ್ಷಿಯ ಸಹಿ ಹಾಕಿಸುವ ಹಾಗೂ ಇಲ್ಲ. ಆ ಕಾಗದವನ್ನು ಪುರಾವೆಯಾಗಿ ಬಳಸುವಂತಿಲ್ಲ. ಸಾಕ್ಷಿ ಕೋರ್ಟಿನಲ್ಲಿ ಬೇರೆ ಹೇಳಿದಾಗ, "ಆಗ ಹೀಗೆ ಹೇಳಿದ್ದಿರಲ್ಲ" ಎಂದು ಕೇಳಲು ಮಾತ್ರ ಅದು ಉಪಯೋಗ. ಬ್ರಿಟಿಷರ ಕಾಲದಿಂದಲೂ ಈ ನಿಯಮ ಇದೆ. ಠಾಣೆಯಲ್ಲಿ ಯಾರ ಬಾಯಿಂದ ಏನು ಬೇಕಾದರೂ ಬರೆಸಬಹುದು ಎಂಬ ಅನುಮಾನ ಕಾನೂನು ಮಾಡಿದವರಿಗೂ ಇತ್ತು.

ವರ್ಷಗಳ ಮೇಲೆ ಆ ಸಾಕ್ಷಿ ಕಟಕಟೆಗೆ ಬರುತ್ತಾನೆ. ಪ್ರಮಾಣ ಮಾಡುತ್ತಾನೆ. "ನಾನು ಏನೂ ನೋಡಿಲ್ಲ, ಪೊಲೀಸರ ಮುಂದೆ ಯಾವ ಹೇಳಿಕೆಯನ್ನೂ ಕೊಟ್ಟಿಲ್ಲ" ಎನ್ನುತ್ತಾನೆ. ಸರ್ಕಾರಿ ವಕೀಲರು ಅವನನ್ನು ಪ್ರತಿಕೂಲ ಸಾಕ್ಷಿ ಎಂದು ಪರಿಗಣಿಸಿ ಪಾಟಿ ಸವಾಲು ಮಾಡಲು ಅನುಮತಿ ಕೇಳುತ್ತಾರೆ. ಹಳೆಯ ಹೇಳಿಕೆಯನ್ನು ಓದಿ ಹೇಳುತ್ತಾರೆ. ಆರೋಪಿಯ ಜೊತೆ ರಾಜಿಯಾಗಿ ಈಗ ಸುಳ್ಳು ಹೇಳುತ್ತಿದ್ದೀರಿ ಎಂದರೆ ಸರಿಯಲ್ಲ ಎನ್ನುತ್ತಾನೆ ಸಾಕ್ಷಿ. ಟೈಪಿಸ್ಟ್ ಅದನ್ನೂ ಬರೆದುಕೊಳ್ಳುತ್ತಾರೆ. ಅಲ್ಲಿಗೆ ಮುಗಿಯಿತು.

ಈಗ ಕೋರ್ಟಿನ ಕೈಯಲ್ಲಿ ಪ್ರಮಾಣದ ಮೇಲಿನ ಮಾತು ಒಂದೇ ಇದೆ: "ನೋಡಿಲ್ಲ" ಎಂಬುದು. ಅದು ಸುಳ್ಳು ಎಂದು ತೋರಿಸಲು, ಅವನು ನಿಜಕ್ಕೂ ನೋಡಿದ್ದ ಎಂದು ಬೇರೆ ಪುರಾವೆ ಬೇಕು. ಪೊಲೀಸ್ ಹೇಳಿಕೆಯನ್ನು ಅದಕ್ಕೆ ಎಳೆದು ತರಲು ಆಗುವುದಿಲ್ಲ. ದೊಣ್ಣೆಯ ಲೆಕ್ಕ ಇಲ್ಲಿ ಕೂಡಿಬರುವುದಿಲ್ಲ.

ಒಂದು ವಿಷಯವನ್ನು ಒತ್ತಿ ಹೇಳಬೇಕು. ಪ್ರತಿಕೂಲ ಸಾಕ್ಷಿ ಅಂದರೆ ಸುಳ್ಳು ಸಾಕ್ಷಿ ಅಲ್ಲ. ಅವನನ್ನು ಕರೆಸಿದ ಪಕ್ಷಕ್ಕೆ ಅವನ ಮಾತು ಅನುಕೂಲ ಆಗಲಿಲ್ಲ ಎಂದಷ್ಟೇ ಅದರ ಅರ್ಥ. ಈ ವ್ಯತ್ಯಾಸ ನನಗೆ ಗೊತ್ತಾದದ್ದು ಪುಸ್ತಕದಿಂದಲ್ಲ. ಬಹಳ ವರ್ಷದ ಹಿಂದೆ ಒಂದು ಬೈಕ್ ಕಳ್ಳತನದ ಕೇಸಿನಲ್ಲಿ ನಾನು ಮಹಜರಿಗೆ, ಅಂದರೆ ಪೊಲೀಸರು ಸಾಕ್ಷಿಗಳ ಎದುರು ಬರೆಯುವ ದಾಖಲೆಗೆ, ಸಹಿ ಹಾಕಿದ್ದೆ. ಠಾಣೆಯ ಎದುರಿನ ಅಂಗಡಿಯಲ್ಲಿ ಟೀ ಕುಡಿಯುತ್ತಿದ್ದವನನ್ನು ಕರೆದು, "ಇಲ್ಲೊಂದು ಸಹಿ ಹಾಕಿ ಸಾರ್" ಅಂದರು. ಅಂಗಳದಲ್ಲಿ ಬೈಕ್ ನಿಂತಿತ್ತು, ಅದನ್ನು ನೋಡಿದೆ, ಸಹಿ ಹಾಕಿದೆ. ಕೋರ್ಟಿಗೆ ಕರೆ ಬಂದಾಗ ಮಹಜರನ್ನು ಓದಿಸಿದರು. ಆರೋಪಿ ನನ್ನನ್ನು ಊರಾಚೆಯ ಪೊದೆಯ ಹತ್ತಿರ ಕರೆದುಕೊಂಡು ಹೋಗಿ, ಬಚ್ಚಿಟ್ಟಿದ್ದ ಬೈಕನ್ನು ನನ್ನ ಎದುರೇ ಹೊರಗೆ ತೆಗೆದ ಎಂದು ಅದರಲ್ಲಿತ್ತು. ನಾನು ಪೊದೆಯನ್ನೇ ನೋಡಿರಲಿಲ್ಲ. ಹಾಗೆಯೇ ಹೇಳಿದೆ. ಸರ್ಕಾರಿ ವಕೀಲರು ನನ್ನನ್ನು ಪ್ರತಿಕೂಲ ಸಾಕ್ಷಿ ಅಂದರು. ಓದದೆ ಸಹಿ ಹಾಕಿದ್ದು ನನ್ನ ತಪ್ಪು. ಆದರೆ ಕೋರ್ಟಿನಲ್ಲಿ ಹೇಳಿದ್ದು ನಿಜ.

ಆ ದಿನ ನಾನು "ಹೌದು, ಪೊದೆಯಿಂದಲೇ ತೆಗೆದ" ಅಂದಿದ್ದರೆ ಎಲ್ಲರಿಗೂ ಸಮಾಧಾನ ಆಗುತ್ತಿತ್ತು. ಅದು ಮಾತ್ರ ನಿಜವಾದ ಸುಳ್ಳು ಸಾಕ್ಷಿ ಆಗುತ್ತಿತ್ತು. ಇದಕ್ಕೂ ಕಾನೂನಿನಲ್ಲಿ ಒಂದು ಉದಾಹರಣೆ ಇದೆ, ನನಗೆ ತುಂಬಾ ಇಷ್ಟವಾದದ್ದು. ಒಬ್ಬ ವ್ಯಕ್ತಿ ಇಂಥ ದಿನ ಇಂಥ ಜಾಗದಲ್ಲಿದ್ದ ಎಂದು ಸಾಕ್ಷಿ ಹೇಳುತ್ತಾನೆ. ಆದರೆ ಆ ಬಗ್ಗೆ ಅವನಿಗೆ ಏನೂ ಗೊತ್ತಿಲ್ಲ. ಆ ವ್ಯಕ್ತಿ ನಿಜಕ್ಕೂ ಅಲ್ಲೇ ಇದ್ದಿರಬಹುದು. ಆದರೂ ಇವನು ಹೇಳಿದ್ದು ಸುಳ್ಳು ಸಾಕ್ಷಿಯೇ. ಗೊತ್ತಿಲ್ಲದ್ದನ್ನು ಗೊತ್ತು ಅಂದದ್ದೇ ಅಪರಾಧ. ಅದೇ ರೀತಿ, ತಪ್ಪು ತಿಳಿದುಕೊಂಡು ನಂಬಿಕೆಯಿಂದ ಹೇಳಿದ ಮಾತು ಸುಳ್ಳಾದರೂ ಅಪರಾಧ ಅಲ್ಲ. ಕಾನೂನು ನೋಡುವುದು ಹೇಳುವವನ ಮನಸ್ಸಿನಲ್ಲಿ ಏನಿತ್ತು ಎಂಬುದನ್ನು.

ಈಗ ಇನ್ನೊಂದು ಗೋಡೆಗೆ ಬರೋಣ. ಸಾಕ್ಷಿ ಸುಳ್ಳು ಹೇಳಿದ ಎಂದು ನಿಮಗೆ ಖಾತ್ರಿ ಇದೆ. ಪೊಲೀಸ್ ಠಾಣೆಗೆ ಹೋಗಿ ದೂರು ಕೊಡಬಹುದೇ? ಆಗುವುದಿಲ್ಲ. ಸುಳ್ಳು ಸಾಕ್ಷಿಯ ಕೇಸನ್ನು ಶುರು ಮಾಡಬೇಕಾದದ್ದು ಯಾವ ಕೋರ್ಟಿನಲ್ಲಿ ಸುಳ್ಳು ಹೇಳಲಾಯಿತೋ ಆ ಕೋರ್ಟು, ಇಲ್ಲವೇ ಅದರ ಮೇಲಿನ ಕೋರ್ಟು. ಸಿಆರ್‌ಪಿಸಿಯ ಹಳೆಯ 195, ನಾಗರಿಕ ಸುರಕ್ಷಾ ಸಂಹಿತೆಯ ಈಗಿನ 215ನೇ ಸೆಕ್ಷನ್ ಹೇಳುವುದು ಇದನ್ನೇ. ಈ 215 ಎಂಬ ನಂಬರು ಕನ್ನಡದ ಟಿವಿ ನೋಡುವವರಿಗೆ ಹೊಸದಲ್ಲ. 2025ರಲ್ಲಿ ಧರ್ಮಸ್ಥಳದ ಪ್ರಕರಣದಲ್ಲಿ ಜುಲೈ ತಿಂಗಳು ಬೆಳ್ತಂಗಡಿಯ ಮ್ಯಾಜಿಸ್ಟ್ರೇಟರ ಮುಂದೆ ಹೇಳಿಕೆ ಕೊಟ್ಟ ದೂರುದಾರನನ್ನೇ ಆಗಸ್ಟಿನಲ್ಲಿ ವಿಶೇಷ ತನಿಖಾ ತಂಡ (ಎಸ್‌ಐಟಿ) ಬಂಧಿಸಿದಾಗ ಈ ಚರ್ಚೆ ಮನೆಮನೆಗೆ ಬಂತು. ಅಲ್ಲಿ ಯಾರು ನಿಜ, ಯಾರು ಸುಳ್ಳು ಎಂಬುದನ್ನು ಕೋರ್ಟೇ ಹೇಳಬೇಕು, ನಾನಲ್ಲ. ಆದರೆ ಪೊಲೀಸ್ ಹೇಳಿಕೆಗೂ ಮ್ಯಾಜಿಸ್ಟ್ರೇಟರ ಮುಂದಿನ ಹೇಳಿಕೆಗೂ ತೂಕದಲ್ಲಿ ಎಷ್ಟು ವ್ಯತ್ಯಾಸ ಎಂಬುದು ಅಲ್ಲಿ ಎಲ್ಲರಿಗೂ ಕಾಣಿಸಿತು.

ಇಂಥ ಗೋಡೆ ಯಾಕೆ ಬೇಕು? ಇದಿಲ್ಲದಿದ್ದರೆ ಏನಾಗುತ್ತದೆ ಎಂದು ಯೋಚಿಸಿ. ಕೇಸ್ ಸೋತವನು ಮರುದಿನವೇ ಎದುರಿನ ಸಾಕ್ಷಿಗಳ ಮೇಲೆಲ್ಲ ದೂರು ಕೊಡುತ್ತಾನೆ. ದುಡ್ಡಿದ್ದವನು ಹತ್ತು ಕೇಸ್ ಹಾಕುತ್ತಾನೆ. ಆಮೇಲೆ ಕೋರ್ಟಿನ ಮೆಟ್ಟಿಲು ಹತ್ತಲು ಯಾರು ಬರುತ್ತಾರೆ? ಹಾಗಾಗಿ ಬೀಗದ ಕೈಯನ್ನು ನ್ಯಾಯಾಧೀಶರ ಕೈಗೆ ಕೊಟ್ಟಿದ್ದಾರೆ. ಕೇಸಿನ ಪಕ್ಷದವರು ಅರ್ಜಿ ಹಾಕಬಹುದು. ಹಳೆಯ 340, ಈಗಿನ 379ನೇ ಸೆಕ್ಷನ್ನಿನಲ್ಲಿ ಅದಕ್ಕೆ ದಾರಿ ಇದೆ. ಆದರೆ ತೀರ್ಮಾನ ಕೋರ್ಟಿನದು. ಕೋರ್ಟು ಬೇಕೆಂದರೆ ಪ್ರಾಥಮಿಕ ವಿಚಾರಣೆ ಮಾಡಿ, ಲಿಖಿತ ದೂರು ತಯಾರಿಸಿ, ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟರಿಗೆ ಕಳಿಸುತ್ತದೆ. ಆಮೇಲೆ ಸಾಕ್ಷಿಯೇ ಆರೋಪಿಯಾಗಿ ಪೂರ್ತಿ ವಿಚಾರಣೆ ಎದುರಿಸುತ್ತಾನೆ.

ಈ ತೀರ್ಮಾನದ ಒಳಗೆ ಒಂದು ಪ್ರಶ್ನೆ ಅಡಗಿದೆ. ಜನ ಅದನ್ನು ಗಮನಿಸುವುದು ಕಡಿಮೆ. ಸಾಕ್ಷಿ ಸುಳ್ಳು ಹೇಳಿದನೇ ಎಂದು ಕೇಳಿದರೆ ಸಾಲದು. ಅವನ ಮೇಲೆ ಕೇಸ್ ಹಾಕುವುದರಿಂದ ನ್ಯಾಯಕ್ಕೆ ಒಳ್ಳೆಯದಾಗುತ್ತದೆಯೇ ಎಂದೂ ಕೋರ್ಟು ಕೇಳಿಕೊಳ್ಳಬೇಕು. 2005ರಲ್ಲಿ ಇಕ್ಬಾಲ್ ಸಿಂಗ್ ಮರ್ವಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ 5 ನ್ಯಾಯಮೂರ್ತಿಗಳ ಪೀಠ ಇದನ್ನು ಬಿಡಿಸಿ ಹೇಳಿತು: ಸುಳ್ಳು ಕಂಡ ಕಡೆಯಲ್ಲೆಲ್ಲ ದೂರು ಹಾಕಬೇಕೆಂಬ ಬಂಧನ ಕೋರ್ಟಿಗೆ ಇಲ್ಲ. ಅದಕ್ಕೂ ಬಹಳ ಮೊದಲು, 1971ರಲ್ಲಿ ಛಾಜೂ ರಾಮ್ ಪ್ರಕರಣದಲ್ಲಿ, ಸುಳ್ಳು ಬೇಕೆಂದೇ ಹೇಳಿದ್ದಾಗಿರಬೇಕು, ಶಿಕ್ಷೆ ಆಗುವ ಸಂಭವವೂ ಇರಬೇಕು ಎಂದಿತ್ತು. ಎರಡು ಹೇಳಿಕೆಗಳು ತಾಳೆಯಾಗುವುದಿಲ್ಲ ಎಂಬುದೊಂದೇ ಕೇಸ್ ಹಾಕಲು ಸಾಲದು, ಮನಸ್ಸಿನಲ್ಲಿ ಮೋಸ ಇತ್ತೇ ನೋಡಬೇಕು ಎಂದು 2016ರಲ್ಲೂ ಹೇಳಿದೆ.

ಇಷ್ಟೆಲ್ಲ ಎಚ್ಚರಿಕೆ ಸರಿಯೇ. ಆದರೆ ಎಚ್ಚರಿಕೆ ಎಲ್ಲಿ ಮುಗಿದು ಉದಾಸೀನ ಎಲ್ಲಿ ಶುರುವಾಗುತ್ತದೆ ಎಂಬುದನ್ನು ಸುಪ್ರೀಂ ಕೋರ್ಟೇ 2000ದಲ್ಲಿ ಸ್ವರಣ್ ಸಿಂಗ್ ಪ್ರಕರಣದಲ್ಲಿ ತೋರಿಸಿತು. ಸುಳ್ಳು ಸಾಕ್ಷಿ ಕೋರ್ಟುಗಳಲ್ಲಿ ಬದುಕಿನ ರೀತಿಯೇ ಆಗಿಬಿಟ್ಟಿದೆ ಎಂದು ನ್ಯಾಯಮೂರ್ತಿ ಡಿ.ಪಿ. ವಾಧ್ವಾ ನೊಂದು ಬರೆದರು. ಸಾಕ್ಷಿ ಸುಳ್ಳು ಹೇಳುತ್ತಿದ್ದಾನೆಂದು ನ್ಯಾಯಾಧೀಶರಿಗೆ ಗೊತ್ತಿರುತ್ತದೆ, ಆದರೂ ದೂರು ಹಾಕುವುದಿಲ್ಲ. ಯಾಕೆಂದರೆ ಆ ದೂರಿಗೆ ಅವರೇ ಸಹಿ ಹಾಕಬೇಕು. ಸಣ್ಣ ವಿಷಯದಂತೆ ಕಾಣುತ್ತದೆ. ಆದರೆ ಕೈತುಂಬ ಕೇಸ್ ಇರುವ ನ್ಯಾಯಾಧೀಶರು ತಾವೇ ಇನ್ನೊಂದು ಕೇಸಿನ ದೂರುದಾರರಾಗುವುದೆಂದರೆ ಹಿಂಜರಿಕೆ ಸಹಜ. 2005ರ ತಿದ್ದುಪಡಿ ಇದನ್ನು ಸರಿ ಮಾಡಿತು. ಈಗ ಕೋರ್ಟಿನ ಬೇರೆ ಅಧಿಕಾರಿಗೆ ಬರವಣಿಗೆಯಲ್ಲಿ ಅಧಿಕಾರ ಕೊಟ್ಟು ಸಹಿ ಹಾಕಿಸಬಹುದು. ದೂರು ಹಾಕುವ ಮೊದಲು ಆ ಸಾಕ್ಷಿಯನ್ನು ಕರೆದು ವಾದ ಕೇಳಲೇಬೇಕು ಎಂಬುದೂ ಇಲ್ಲ ಎಂದು 2022ರಲ್ಲಿ ಜಸ್ಬೀರ್ ಸಿಂಗ್ ಪ್ರಕರಣದಲ್ಲಿ ತೀರ್ಪಾಯಿತು. ಅಡಚಣೆ ಒಂದೊಂದಾಗಿ ಕಡಿಮೆ ಆಗಿದೆ. ಕೇಸುಗಳು ಮಾತ್ರ ಅಪರೂಪವಾಗಿಯೇ ಉಳಿದಿವೆ.

ಇನ್ನೊಂದು ಚಿಕ್ಕ ದಾರಿಯೂ ಇದೆ. ತೀರ್ಪು ಕೊಡುವ ಹೊತ್ತಿಗೇ, "ಈ ಸಾಕ್ಷಿ ಬೇಕೆಂದೇ ಸುಳ್ಳು ಹೇಳಿದ್ದಾನೆ" ಎಂದು ಕೋರ್ಟು ಬರೆದರೆ, ಬೇರೆ ಕೋರ್ಟಿಗೆ ಕಳಿಸದೆ ತಾನೇ ಚುಟುಕಾಗಿ ವಿಚಾರಿಸಿ 3 ತಿಂಗಳವರೆಗೆ ಜೈಲು ಕೊಡಬಹುದು. ಹಳೆಯ 344, ಈಗಿನ 383. ಸಾಕ್ಷಿಗೆ ತನ್ನ ಸಮಜಾಯಿಷಿ ಹೇಳಲು ಅವಕಾಶ ಕೊಡಬೇಕು. ಮೂಲ ತೀರ್ಪಿನ ಮೇಲೆ ಅಪೀಲು ಹೋದರೆ, ಅದು ಮುಗಿಯುವವರೆಗೆ ಇದೂ ನಿಲ್ಲುತ್ತದೆ. ಅಪೀಲು ಮುಗಿಯಲು ಎಷ್ಟು ವರ್ಷ ಹಿಡಿಯುತ್ತದೆ ಎಂಬುದು ನಮಗೆಲ್ಲ ಗೊತ್ತು. ಹುಬ್ಬಳ್ಳಿಯಲ್ಲಿ ಹುಟ್ಟಿ, ಕರ್ನಾಟಕ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿಯಾಗಿದ್ದ ವಿ.ಎಸ್. ಮಳಿಮಠರ ಸಮಿತಿ 2003ರಲ್ಲೇ ಈ ಚುಟುಕು ವಿಚಾರಣೆಯನ್ನು ಹೆಚ್ಚು ಬಳಸುವಂತೆ ಮಾಡಬೇಕು ಎಂದು ಶಿಫಾರಸು ಮಾಡಿತ್ತು.

ಆ ದಾರಿಯಲ್ಲಿ ಸಿಕ್ಕಿಬೀಳುವವರು ಯಾರು ಎಂಬುದು ನನ್ನನ್ನು ಕಾಡುತ್ತದೆ. 2008ರಲ್ಲಿ ಮಧ್ಯಪ್ರದೇಶದ ಒಂದು ಪ್ರಕರಣ ಸುಪ್ರೀಂ ಕೋರ್ಟಿಗೆ ಬಂತು. ಅತ್ಯಾಚಾರ ಆಯಿತು ಎಂದು ದೂರು ಕೊಟ್ಟಿದ್ದ ಮಹಿಳೆ ಕೋರ್ಟಿನಲ್ಲಿ ಹಾಗೇನೂ ಆಗಿಲ್ಲ ಅಂದಿದ್ದಳು. ವಿಚಾರಣಾ ಕೋರ್ಟು ಕೊಟ್ಟಿದ್ದ 3 ತಿಂಗಳ ಶಿಕ್ಷೆಯನ್ನು ಸುಪ್ರೀಂ ಕೋರ್ಟು ಎತ್ತಿಹಿಡಿಯಿತು. ಕಾನೂನಿನ ಲೆಕ್ಕದಲ್ಲಿ ಇದು ಸರಿ ಇರಬಹುದು. ಆದರೆ ಇಂಥ ಕೇಸುಗಳಲ್ಲಿ ಹೆಣ್ಣುಮಗಳು ಮಾತು ಬದಲಿಸುವುದರ ಹಿಂದೆ ಮನೆಯವರ ಒತ್ತಡ, ಊರಿನ ಪಂಚಾಯಿತಿ, ರಾಜಿಯ ದುಡ್ಡು, ಮದುವೆಯ ಚಿಂತೆ ಏನೇನು ಇರುತ್ತದೆ ಎಂಬುದು ಯಾರಿಗೆ ತಿಳಿಯದು? ಮಕ್ಕಳ ವಿಷಯದಲ್ಲಿ ಮಾತ್ರ ಕಾನೂನು ಸ್ಪಷ್ಟವಾಗಿದೆ. ಮಕ್ಕಳನ್ನು ಲೈಂಗಿಕ ದೌರ್ಜನ್ಯದಿಂದ ರಕ್ಷಿಸುವ ಪೋಕ್ಸೋ ಕಾಯ್ದೆಯ 22ನೇ ಸೆಕ್ಷನ್ ಪ್ರಕಾರ ಸುಳ್ಳು ದೂರು ಕೊಟ್ಟರೂ ಮಗುವಿಗೆ ಶಿಕ್ಷೆ ಇಲ್ಲ.

ಬೆಸ್ಟ್ ಬೇಕರಿ ಪ್ರಕರಣವನ್ನೇ ತೆಗೆದುಕೊಳ್ಳಿ. 2002ರ ಮಾರ್ಚ್ 1ರಂದು, ಗುಜರಾತ್ ಗಲಭೆಯ ಹೊತ್ತಿನಲ್ಲಿ, ವಡೋದರಾದ ಆ ಬೇಕರಿಗೆ ಬೆಂಕಿ ಹಚ್ಚಿದಾಗ 14 ಜನ ಸತ್ತರು. ತನ್ನ ಮನೆಯವರನ್ನೇ ಆ ಬೆಂಕಿಯಲ್ಲಿ ಕಳೆದುಕೊಂಡಿದ್ದ ಯುವತಿ ಮುಖ್ಯ ಸಾಕ್ಷಿ. 2003ರಲ್ಲಿ ಕೋರ್ಟಿನಲ್ಲಿ ಆಕೆ ಮಾತು ಬದಲಿಸಿದಳು. 21 ಆರೋಪಿಗಳೂ ಖುಲಾಸೆ ಆದರು. ಸ್ವಲ್ಪ ದಿನಕ್ಕೆ, ಹೆದರಿ ಸುಳ್ಳು ಹೇಳಿದೆ ಎಂದಳು. ಸುಪ್ರೀಂ ಕೋರ್ಟು 2004ರ ಏಪ್ರಿಲ್‌ನಲ್ಲಿ ಕೇಸನ್ನು ಮಹಾರಾಷ್ಟ್ರಕ್ಕೆ ಕಳಿಸಿ ಮರುವಿಚಾರಣೆಗೆ ಆದೇಶಿಸಿತು. ಅದೇ ವರ್ಷ ಆಕೆ ಮತ್ತೆ ಮಾತು ಬದಲಿಸಿದಳು. 2006ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟು ಆಕೆಗೆ 1 ವರ್ಷ ಜೈಲು, 50,000 ರೂಪಾಯಿ ದಂಡ ಹಾಕಿತು. ಗಮನಿಸಿ, ಆ ಶಿಕ್ಷೆ ನ್ಯಾಯಾಂಗ ನಿಂದನೆಗೆ. ಸುಳ್ಳು ಸಾಕ್ಷಿಯ ಸೆಕ್ಷನ್ ಅಡಿಯಲ್ಲಿ ಅಲ್ಲ. ದೇಶವೇ ನೋಡುತ್ತಿದ್ದ ಕೇಸಿನಲ್ಲೂ ಆ ಉದ್ದದ ದಾರಿಯನ್ನು ಹಿಡಿಯಲಿಲ್ಲ.

ಜೆಸ್ಸಿಕಾ ಲಾಲ್ ಎಂಬ ರೂಪದರ್ಶಿಯ ಕೊಲೆ ಕೇಸಿನದು ಇನ್ನೊಂದು ಕತೆ. 1999ರ ಏಪ್ರಿಲ್ ಕೊನೆಯ ರಾತ್ರಿ ದೆಹಲಿಯ ಒಂದು ಪಾರ್ಟಿಯಲ್ಲಿ ಗುಂಡು ಹಾರಿತು. 2006ರ ಫೆಬ್ರುವರಿಯಲ್ಲಿ 9 ಆರೋಪಿಗಳೂ ಖುಲಾಸೆ. ಜನ ಬೀದಿಗಿಳಿದರು. ಅದೇ ಡಿಸೆಂಬರ್‌ನಲ್ಲಿ ದೆಹಲಿ ಹೈಕೋರ್ಟು ಮುಖ್ಯ ಆರೋಪಿಗೆ ಜೀವಾವಧಿ ಕೊಟ್ಟಿತು, ತಿರುಗಿಬಿದ್ದ 32 ಸಾಕ್ಷಿಗಳ ಮೇಲೆ ತಾನಾಗಿಯೇ ಕ್ರಮಕ್ಕೂ ಮುಂದಾಯಿತು. 2013ರ ಮೇ ತಿಂಗಳಲ್ಲಿ ಅದು ಮುಗಿಯುವ ಹೊತ್ತಿಗೆ ಕೇಸ್ ಹಾಕಲು ಹೇಳಿದ್ದು ಇಬ್ಬರ ಮೇಲೆ ಮಾತ್ರ. ಒಬ್ಬ ನಟ, ಒಬ್ಬ ಬಂದೂಕು ತಜ್ಞ. ಆ ನಟನ ಹೇಳಿಕೆಯ ಮೇಲೆಯೇ ಎಫ್‌ಐಆರ್ ಆಗಿತ್ತು. ಕೋರ್ಟಿನಲ್ಲಿ ಆತ, ಹೇಳಿಕೆ ಹಿಂದಿಯಲ್ಲಿತ್ತು, ನನಗೆ ಹಿಂದಿ ಬರುವುದಿಲ್ಲ ಎಂದಿದ್ದ.

ಸಾಕ್ಷಿ ತಿರುಗಿಬಿದ್ದರೆ ಅವನ ಮಾತೆಲ್ಲ ಕಸದ ಬುಟ್ಟಿಗೆ ಎಂದೇನೂ ಇಲ್ಲ. ನಮ್ಮ ಕೋರ್ಟುಗಳು ಜೊಳ್ಳು ತೂರಿ ಕಾಳು ಉಳಿಸಿಕೊಳ್ಳುತ್ತವೆ. ಬೇರೆ ಪುರಾವೆಗೆ ತಾಳೆಯಾಗುವ ಭಾಗವನ್ನು ನಂಬಬಹುದು ಎಂದು 1976ರಿಂದಲೇ ತೀರ್ಪುಗಳಿವೆ.

ಸಾಕ್ಷಿ ತಿರುಗಿಬೀಳುವುದಕ್ಕಿಂತ ನನಗೆ ಜಾಸ್ತಿ ಭಯ ಹುಟ್ಟಿಸುವುದು ಇನ್ನೊಂದು ಬಗೆಯ ಸುಳ್ಳು. ಕೊಡಗಿನ ಒಬ್ಬ ಬುಡಕಟ್ಟು ವ್ಯಕ್ತಿಯ ಮೇಲೆ ಹೆಂಡತಿಯನ್ನು ಕೊಂದ ಆರೋಪ ಬಂತು. ಸಿಕ್ಕ ಅಸ್ಥಿಪಂಜರ ಅವಳದೇ ಎಂದು ಚಾರ್ಜ್‌ಶೀಟ್ ಹಾಕಿದರು. ಅವನು ಒಂದು ವರ್ಷಕ್ಕೂ ಹೆಚ್ಚು ಕಾಲ ಜೈಲಿನಲ್ಲಿದ್ದ. 2025ರ ಏಪ್ರಿಲ್‌ನಲ್ಲಿ ಆ ಹೆಂಡತಿ ಮಡಿಕೇರಿಯಲ್ಲಿ ಜೀವಂತವಾಗಿ ಸಿಕ್ಕಳು. ಮೈಸೂರಿನ ಕೋರ್ಟು ಅವನನ್ನು ಗೌರವದಿಂದ ಬಿಡುಗಡೆ ಮಾಡಿ, 1 ಲಕ್ಷ ರೂಪಾಯಿ ಪರಿಹಾರ ಕೊಡಲು ಹೇಳಿತು. ಸುಳ್ಳು ಪುರಾವೆ ಸೃಷ್ಟಿಸಿದ್ದಕ್ಕೆ ತನಿಖಾಧಿಕಾರಿಯ ಮೇಲೆ ಕ್ರಮಕ್ಕೂ ಸೂಚಿಸಿತು. ಸುಳ್ಳು ಸಾಕ್ಷಿಯ ಕಾನೂನು ಮೊದಲು ಎಚ್ಚರವಾಗಬೇಕಾದದ್ದು ಇಂಥ ಕಡೆ. ಕಟಕಟೆಯಲ್ಲಿ ನಡುಗುವ ಕೂಲಿಯವನನ್ನು ಹಿಡಿಯುವುದು ಸುಲಭ. ಅವನ ಕೈಯಲ್ಲಿ ದುಡ್ಡಿಟ್ಟವನನ್ನು, ಅವನ ಮನೆಗೆ ರಾತ್ರಿ ಹೋಗಿ ಬಂದವನನ್ನು, ಕಾಗದವನ್ನೇ ಸುಳ್ಳಾಗಿ ಬರೆದವನನ್ನು ಹಿಡಿಯುವುದು ಕಷ್ಟ. ಕಷ್ಟ ಎಂದು ಅದನ್ನು ಬಿಟ್ಟರೆ, ಮೊದಲನೆಯದನ್ನು ಮಾಡಲು ನಮಗೆ ಮುಖ ಇಲ್ಲ ಎಂಬುದು ನನ್ನ ಅಭಿಪ್ರಾಯ.

ಬೆದರಿಸುವವರ ಮೇಲೆ 2006ರಿಂದ ಪ್ರತ್ಯೇಕ ಸೆಕ್ಷನ್ ಇದೆ: ಐಪಿಸಿ 195ಎ, ಈಗಿನ ನ್ಯಾಯ ಸಂಹಿತೆಯ 232. ಸುಳ್ಳು ಸಾಕ್ಷಿ ಹೇಳು ಎಂದು ಬೆದರಿಸಿದರೆ 7 ವರ್ಷದವರೆಗೆ ಶಿಕ್ಷೆ. ಇದಕ್ಕೆ ಕೋರ್ಟಿನ ದೂರಿಗಾಗಿ ಕಾಯಬೇಕಿಲ್ಲ, ಪೊಲೀಸರೇ ಎಫ್‌ಐಆರ್ ಹಾಕಬಹುದು ಎಂದು 2025ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಇದು ದೊಡ್ಡ ವಿಷಯ. ಬೆದರಿಕೆ ಬಂದ ರಾತ್ರಿ ಸಾಕ್ಷಿ ಓಡಿಹೋಗುವುದು ಠಾಣೆಗೆ, ಕೋರ್ಟಿಗಲ್ಲ.

ರಕ್ಷಣೆ ಕೇಳಲೂ ದಾರಿ ಇದೆ. 2018ರ ಡಿಸೆಂಬರ್ 5ರಂದು ಮಹೇಂದರ್ ಚಾವ್ಲಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಸಾಕ್ಷಿ ರಕ್ಷಣಾ ಯೋಜನೆಯನ್ನು ದೇಶಕ್ಕೆಲ್ಲ ಕಾನೂನಿನಂತೆ ಅನ್ವಯ ಮಾಡಿತು. ಜಿಲ್ಲಾ ನ್ಯಾಯಾಧೀಶರ ನೇತೃತ್ವದ ಸಮಿತಿಗೆ ಅರ್ಜಿ ಕೊಡಬೇಕು. ಅಪಾಯ ಎಷ್ಟಿದೆ ಎಂದು ಪೊಲೀಸ್ ಅಧಿಕಾರಿ ವರದಿ ಕೊಡುತ್ತಾರೆ. ಅದನ್ನು ನೋಡಿ ಕಾವಲು, ಬೇರೆ ಮನೆ, ಹೆಸರು ಗುಟ್ಟಾಗಿಡುವುದು, ಏನು ಬೇಕೋ ಅದನ್ನು ತೀರ್ಮಾನಿಸುತ್ತಾರೆ. ನಾಗರಿಕ ಸುರಕ್ಷಾ ಸಂಹಿತೆಯ 398ರ ಪ್ರಕಾರ ಪ್ರತಿ ರಾಜ್ಯವೂ ಇಂಥ ಯೋಜನೆ ಮಾಡಲೇಬೇಕು.

ಹೊಸ ಕಾನೂನಿನಲ್ಲಿ ಇನ್ನೊಂದು ಬದಲಾವಣೆ ಇದೆ. ಅದು ದೊಣ್ಣೆಯ ಕತೆಯನ್ನು ನಿಜ ಮಾಡಬಹುದು. 10 ವರ್ಷ ಅಥವಾ ಅದಕ್ಕಿಂತ ಹೆಚ್ಚು ಶಿಕ್ಷೆ ಇರುವ ಅಪರಾಧಗಳಲ್ಲಿ, ಪೊಲೀಸರು ಕರೆತಂದ ಸಾಕ್ಷಿಯ ಹೇಳಿಕೆಯನ್ನು ಮ್ಯಾಜಿಸ್ಟ್ರೇಟರು ದಾಖಲಿಸಲೇಬೇಕು ಎನ್ನುತ್ತದೆ 183ನೇ ಸೆಕ್ಷನ್. ಅಂದರೆ ಇನ್ನು ಮುಂದೆ ದೊಡ್ಡ ಕೇಸುಗಳಲ್ಲಿ ಸಾಕ್ಷಿ ಎರಡು ಸಲ ಪ್ರಮಾಣ ಮಾಡಿರುತ್ತಾನೆ. ಮಾತು ಬದಲಿಸಿದರೆ ಸಿಕ್ಕಿಬೀಳುವುದು ಸುಲಭ. ಇದರಿಂದ ಆಮಿಷಕ್ಕೆ ಬೀಳುವವರು ಯೋಚಿಸಬಹುದು, ಒಳ್ಳೆಯದೇ. ಆದರೆ ಇದರಲ್ಲಿ ಒಂದು ಬಲೆಯೂ ಇದೆ. ಪೊಲೀಸರಿಗೆ ಹೆದರಿ ಮ್ಯಾಜಿಸ್ಟ್ರೇಟರ ಮುಂದೆ ಸುಳ್ಳು ಹೇಳಿದವನೊಬ್ಬ, ಕೋರ್ಟಿನಲ್ಲಿ ನಿಜ ಹೇಳಲು ಮನಸ್ಸು ಮಾಡಿದ ಅಂತಿಟ್ಟುಕೊಳ್ಳಿ. ನಿಜ ಹೇಳಿದರೆ ಜೈಲು ಎಂದಾದರೆ, ಅವನು ಸುಳ್ಳನ್ನೇ ಗಟ್ಟಿಯಾಗಿ ಹಿಡಿದುಕೊಳ್ಳುತ್ತಾನೆ. ಅಂಥವನಿಗೆ ತಿದ್ದಿಕೊಳ್ಳಲು ಒಂದು ಕಿಂಡಿಯನ್ನು ನ್ಯಾಯಾಧೀಶರು ತೆರೆದಿಡಬೇಕು. ಕೇಸ್ ಹಾಕಿದರೆ ನ್ಯಾಯಕ್ಕೆ ಒಳ್ಳೆಯದೇ ಎಂಬ ಆ ಪ್ರಶ್ನೆ ಇರುವುದೇ ಇದಕ್ಕೆ.

ನಿಮಗೂ ಎಂದಾದರೂ ಸಮನ್ಸ್ ಬರಬಹುದು. ಹೆದರಬೇಡಿ. ನೋಡಿದ್ದನ್ನು ಹೇಳಿ. ನೆನಪಿಲ್ಲದ್ದಕ್ಕೆ "ನೆನಪಿಲ್ಲ" ಅನ್ನಿ, ಮರೆವು ಅಪರಾಧವಲ್ಲ. ನೀವು ಪೊಲೀಸರಿಗೆ ಹೇಳಿದ್ದಕ್ಕಿಂತ ಕಾಗದದಲ್ಲಿ ಜಾಸ್ತಿ ಬರೆದಿದ್ದರೆ, "ಇಷ್ಟು ನಾನು ಹೇಳಿದ್ದು, ಇಷ್ಟು ಹೇಳಿಲ್ಲ" ಎಂದು ಬಿಡಿಸಿ ಹೇಳಿ. ನಿಮ್ಮ ಸಾಕ್ಷ್ಯ ಮುಗಿದ ಮೇಲೆ ಬರೆದುಕೊಂಡಿದ್ದನ್ನು ನಿಮಗೆ ಓದಿ ಹೇಳಬೇಕು, ತಪ್ಪಿದ್ದರೆ ಸರಿಪಡಿಸಬೇಕು ಎಂದು ಕಾನೂನಿದೆ. ನಿಮಗೆ ಬರದ ಭಾಷೆಯಲ್ಲಿ ಬರೆದಿದ್ದರೆ ಅರ್ಥ ಮಾಡಿಸಿ ಹೇಳಬೇಕು. ಗಡಿಬಿಡಿಯಲ್ಲಿ "ಇಲ್ಲಿ ಸಹಿ ಹಾಕಿ" ಎಂದು ಹಾಳೆ ಮುಂದಿಟ್ಟರೂ, ಒಂದು ನಿಮಿಷ ತಡೆದು ಓದಿಸಿ ಕೇಳಿ. ಆಮೇಲೆ ಸಹಿ ಹಾಕಿ.